ಗರಿಯುಳ್ಳ ಅಕ್ಷರ

ಪುಂತಾ ಅರೇನಾಸಿನ ದಿನಪತ್ರಿಕೆಯಲ್ಲಿ
ಉಣ್ಣೆಯ ದರ, ಹಡಗಿನ ವೇಳೆ,
ಮೂಲೆಯಲ್ಲಿ ಸತ್ತವರು.

ಕ್ರೊಯೇಷಿಯಾದಿಂದ ಬಂದ ಮುದುಕಿ ಯೆರ್ಕಾ
ಹಾಳೆಯನ್ನು ಮೇಜಿಗೆ ಬಡಿದಳು:
"ನನ್ನ ಗಂಡ ಕುಚಾನ್. ಇಲ್ಲಿರುವುದು ಕುಕಾನ್.
ನೆತ್ತಿಯ ಗರಿ ಎಲ್ಲಿ?
ಯಾರೋ ಕುಕಾನನಿಗೆ ನಾನ್ಯಾಕೆ ಅಳಲಿ?"

ಆ ರಾತ್ರಿ ಎಲ್ಯೂತೇರಿಯೊ
ಸೀಸಕ್ಕೆ ಅರ ಹಾಕಿ ಉಜ್ಜಿ ಉಜ್ಜಿ
ಒಂದು ಅಚ್ಚುಮೊಳೆಗೆ ಗರಿ ಬರಿಸಿದ.
ಒಂದೇ ಒಂದು.

ತಿದ್ದುಪಡಿ ಬಂತು. ಆಮೇಲೆ
ಅಂಥ ಹೆಸರಿನವರು
ಒಂದೇ ದಿನ ಇಬ್ಬರು ತೀರಿಕೊಂಡರೆ
ಒಬ್ಬರು ನಾಳೆಯವರೆಗೆ ಕಾಯಬೇಕಿತ್ತು,
ಪತ್ರಿಕೆಯ ಮಟ್ಟಿಗೆ ಬದುಕಿ.

ಆಫ್‌ಸೆಟ್ ಬಂದು ಸೀಸವೆಲ್ಲ ತೂಕಕ್ಕೆ ಹೋಯಿತು.
ಅಪ್ಪನ ಕೋಟು ಒಗೆಯಲು ತೆಗೆದ ಮಗಳಿಗೆ
ಜೇಬಿನಲ್ಲಿ ಏನೋ ಚುಚ್ಚಿತು.
ಹೆಬ್ಬೆರಳ ಮೇಲೆ
ಸ್ವಲ್ಪ ಹೊತ್ತು ಇತ್ತು
ಗರಿಯ ಗುರುತು.