ಏಳನೆಯ ತೊಗಲು

ಖರೂಮ್ ಬಂದರಿನಲ್ಲಿ ಕಡಲು ಕಲ್ಲಾಗುವ ಐದು ತಿಂಗಳು
ನನಗೆ ಒಂದೇ ಕೆಲಸ,
ಜಾವಬಂಧವನ್ನು ಹಳೆಯ ತೊಗಲಿನಿಂದ
ಹೊಸ ತೊಗಲಿಗೆ ಇಳಿಸುವುದು.
ತಿಮಿಂಗಿಲದೆಣ್ಣೆಯ ದೀಪ. ಹೆಪ್ಪುಗಟ್ಟದಿರಲೆಂದು
ಕಂಕುಳಲ್ಲಿ ಮಸಿಕುಡಿಕೆ.
ಕೂಲಿ, ತೊಗಲಿಗೆ ಎರಡು ಒಣಮೀನು.

ಬರೆದವಳು ತೆಷ್ಕೂನ್, ಹಾಯಿ ಹೊಲಿಯುವವಳು.
ಒಂಬೈನೂರು ಚಳಿಗಾಲದ ಹಿಂದೆ
ಹೊತ್ತಿಗೂ ಒಳಮೈ ಹೊರಮೈ ಉಂಟೆಂದು
ಸೂಜಿಯ ಮೊನೆಯಲ್ಲಿ ಕಂಡುಕೊಂಡಳಂತೆ.
ಮೊದಲ ತೊಗಲಿನಲ್ಲೇ ಬೈಗುಳ:
"ಅವಸರವಿದ್ದವನು ಇದನ್ನು ಓದಬೇಡ.
ಅವಸರವಿಲ್ಲದವನಿಗೆ ಇದು ಬೇಕಾಗಿಲ್ಲ.
ಹೊತ್ತನ್ನು ಹೊತ್ತೇ ನಡೆಯಬೇಕು,
ಹೆಗಲು ಬದಲಿಸಬಹುದು, ಅಷ್ಟೆ."

ಎರಡನೆಯದರಲ್ಲಿ ಗಂಟುಗಳು.
ನಿನ್ನೆಯ ಸಂಜೆಯನ್ನು ನಾಳೆಯ ಬೆಳಗಿಗೆ ಹೊಲಿಯುವ ಗಂಟು
(ನಡುವಿನ ರಾತ್ರಿ ಮಡಿಕೆಯೊಳಗೆ ಕೂತು ಗೊಣಗುತ್ತದೆ,
ಕಿವಿಗೊಡಬೇಡಿ).
ಆರಿದ ಸಾರನ್ನು ಬಿಸಿಯಿದ್ದ ಗಳಿಗೆಗೆ ಎಳೆಯುವ ಗಂಟು.
ಅದನ್ನು ನಾನೊಮ್ಮೆ ಮಾಡಿ ನೋಡಿದ್ದೇನೆ.
ಸಾರಿನಲ್ಲಿ ಹಬೆಯೆದ್ದಿತು.
ಆದರೆ ಆ ಗಳಿಗೆಯಲ್ಲಿ
ನನಗಿನ್ನೂ ಹಸಿವೇ ಆಗಿರಲಿಲ್ಲ.

ಅಂಚಿನ ತುಂಬ ನನಗಿಂತ ಹಿಂದಿನ ಕೈಗಳು:
ಬೆರಳು ಸೆಟೆದಿದೆ.
ಇಲ್ಲಿ ಇಲಿ ತಿಂದಿದೆ, ಊಹಿಸಿ ಬರೆದೆ.
ಊಹೆ ತಪ್ಪು, ಮೂರ್ಖ.
ಇವತ್ತು ಮಗಳು ಎದ್ದು ನಡೆದಳು.
ಇವನ್ನು ಬಿಡಬೇಕೆಂಬುದು ಕಟ್ಟಳೆ.
ನಾನು ಬಿಡುವುದಿಲ್ಲ.

ಮೂರರಿಂದ ಆರು, ಬರೀ ಲೆಕ್ಕ.
ಒಂದು ಗಳಿಗೆ ಎಳೆದುಕೊಂಡರೆ
ಒಂದು ಗಳಿಗೆ ಎಲ್ಲೋ ಕಡಿಮೆ ಬೀಳುತ್ತದೆ.
ಯಾರದೆಂದು ತೆಷ್ಕೂನ್ ಹೇಳುವುದಿಲ್ಲ.
"ಹತ್ತಿರದವರದು" ಎಂದಷ್ಟೇ.

ಏಳನೆಯದರಲ್ಲಿ ಎರಡೇ ಮಾತು:
ಹೊತ್ತು ಕಳೆ.

ಕಳೆ ಎಂದರೆ ಕೂಡುವ ಕಳೆಯುವ ಕಳೆ, ಎಂದ ಓರ್ಮಝಿಲ್,
ನಿನ್ನ ಆಯುಸ್ಸಿನಿಂದ ಪಾಲು ತೆಗೆ.
ಅವನ ಶಿಷ್ಯರು ಮೂವತ್ತಕ್ಕೇ ಕೋಲು ಹಿಡಿದರು.
ಅಲ್ಲ, ಪೈರಿನ ನಡುವಿನ ಕಳೆ, ಎಂದರು ವೇರಿತ್ ದ್ವೀಪದವರು,
ಬೇಡದ ಗಳಿಗೆಗಳನ್ನು ಬೇರುಸಹಿತ ಕಿತ್ತರು,
ಮೊದಲು ಅಳುವಿದ್ದವು.
ಈಗ ಅವರ ಗೋರಿಗಳಲ್ಲಿ ಯಾವುದು ಯಾರದೆಂದು
ಅವರಿಗೇ ತಿಳಿಯದು.
ಕುರುಡ ಸಾಲ್ತೂ ಮಾತ್ರ, ಅದು ಮುಖದ ಕಳೆ ಎಂದ,
ಹೊತ್ತಿಗೂ ಒಂದು ಮುಖವಿದೆ, ನೋಡಿರೋ ಎಂದ.
ಅವನಿಗೆ ಶಿಷ್ಯರು ಸಿಗಲಿಲ್ಲ.

ಒಣಮೀನು ತರುವ ಸಿಯೆನ್‌ಗೆ ಓದು ಬಾರದು.
ಏನಿದೆ ಅದರಲ್ಲಿ, ಎಂದಳು. ಓದಿದೆ.
"ಇಷ್ಟಕ್ಕೆ ಒಂದು ಪ್ರಾಣಿಯ ಚರ್ಮ ಸುಲಿದರೇ?
ಐದು ತಿಂಗಳು ಹಿಮ.
ನಾವು ಬೇರೇನು ಮಾಡುತ್ತಿದ್ದೇವೆ?"
ಬಲೆ ಬಿಚ್ಚಿ ದೀಪದ ಪಕ್ಕ ಕೂತಳು.
ಹರಿದ ಕಣ್ಣು ಕಟ್ಟುತ್ತ, ಮಾತಿಗೆ ಮಾತೆಂಬಂತೆ ಹೇಳಿದಳು:
"ಅಪ್ಪನಿಗೆ ಅರಳುಮರಳು. ಆವತ್ತೊಂದು ಸಂಜೆ,
ಸಾಯುವ ಮುಂಚೆ ನಿನ್ನ ಅವ್ವ ಹೇಳಿದ್ದು... ಎಂದು ಶುರುಮಾಡಿದವನು
ಅಲ್ಲಿಗೇ ನಿಂತುಬಿಟ್ಟ.
ಯಾರೋ ಕತ್ತರಿಸಿ ಒಯ್ದ ಹಾಗೆ.
ಈಗಲೂ ಹುಡುಕುತ್ತಾನೆ."

ಯಾವ ಸಂಜೆ, ಎಂದು ಕೇಳಿದೆ.
ಕೇಳಬಾರದಿತ್ತು.
ನನ್ನ ಬಟ್ಟಲು ಗೋಡೆಯ ಗೂಡಿನಲ್ಲಿತ್ತು,
ತೊಳೆದದ್ದು.

ಹಿಂದಿರುಗಿಸುವ ಗಂಟಿಗಾಗಿ ಏಳೂ ತೊಗಲು ಜಾಲಾಡಿದೆ.
ಇಲಿ ತಿಂದ ಕಡೆ ಇದ್ದಿರಬಹುದು.

ಈಗ ಸಂಜೆಯಾದರೆ ಅವರ ಮನೆಗೆ ಇಳಿಯುತ್ತೇನೆ.
ಗ್ರೆಂದ್ ಮುದುಕ ಬೆಂಕಿಗೆ ಕೈಯೊಡ್ಡಿ
"ಅವಳು ಹೇಳಿದ್ದು..." ಎನ್ನುತ್ತಾನೆ.
ಹೂಂ, ಎನ್ನುತ್ತೇನೆ.
ಮಂಜುಗಡ್ಡೆ ಬಿರಿಯುವ ಸದ್ದಿಗೆ ಮೂವರೂ ಕಿವಿಯಾಗುತ್ತೇವೆ.
ಅವನ ಮುಖದಲ್ಲಿ ಏನೋ ಬಂದು, ಹೋಗುತ್ತದೆ.

ಏಳನೆಯ ತೊಗಲಿನ ಅಂಚಿನಲ್ಲಿ ಬರೆದಿಟ್ಟಿದ್ದೇನೆ:
ಸಾರಿಗಾಗಿ ಒಂದು ಗಳಿಗೆ ತೆಗೆದುಕೊಂಡವರು ನಾವು.
ಮುಂದಿನ ಕೈಯೇ,
ಈ ಸಾಲನ್ನು ಬಿಡಬೇಡ.