ನಮ್ದ್

ಹಳಿ ಮಂಗಳೂರಿಗೆ ಮುಗಿಯಿತು.
ಮುಂದೆ ಬಸ್ಸು, ಹೊಳೆ, ಜಂಗಲು; ಮತ್ತೆ ಬಸ್ಸು, ಮತ್ತೆ ಹೊಳೆ.
ಒಂದೊಂದು ಕಡವಿನಲ್ಲೂ ಅಮ್ಮಚ್ಚಿ
ಗೋಣಿತಾಟು ಬಿಚ್ಚಿ ನೀರು ಚಿಮುಕಿಸಿದಳಂತೆ
ಒಳಗೆ ಮಲಗಿದ್ದ ಮರಗೆಣಸಿನ ಕೋಲುಗಳಿಗೆ.
ಮಗುವಿಗೆ ಆಮೇಲೆ.

ಮೀನಚ್ಚಿಲ್ ಹೊಳೆಯ ದಂಡೆಯ ಮುಕ್ಕಾಲೆಕರೆ ಮಾರಿ
ಅಪ್ಪಚ್ಚನ್ ಕೊಂಡದ್ದು ಒಂದು ಮಾತನ್ನು:
ಮುದೂರಿನಾಚೆ ಹನ್ನೆರಡು ಎಕರೆ,
ಖಾಲಿ.
ಖಾಲಿ ಅಂದವನು ದಲ್ಲಾಳಿ ಕುರಿಯಚ್ಚನ್;
ಬೆಟ್ಟದ ಬುಡದವರೆಗೆ ಬಂದು, ಬೆರಳು ತೋರಿಸಿ,
ಬೀಡಿ ಮುಗಿಯುವ ಮೊದಲೇ ವಾಪಸಾದ.

ಖಾಲಿಯಲ್ಲಿ ಇದ್ದವು
ಆಳೆತ್ತರದ ಹುಲ್ಲು, ಬಿದಿರುಮೆಳೆ, ಹಂದಿ ಕೆದರಿದ ಗುಂಡಿ,
ನಾಲ್ಕು ಗಂಟೆಗೇ ಇಳಿಯುವ ಕತ್ತಲು,
ದಿನ ಬಿಟ್ಟು ದಿನ, ಹೊತ್ತು ತಪ್ಪದ ಚಳಿಜ್ವರ.
ಮರದ ಮೇಲೆ ಅಟ್ಟ ಕಟ್ಟಿ
ಎಂಟು ತಿಂಗಳು ಹಕ್ಕಿಗಳಂತೆ ಬದುಕಿದರು.
ಇಲ್ಲ, ಹಕ್ಕಿಗಳಂತಲ್ಲ. ಹಕ್ಕಿಗಳು ರಾತ್ರಿಯೆಲ್ಲ ಕೂತು
ಸೀಮೆಎಣ್ಣೆ ಡಬ್ಬ ಬಡಿಯುವುದಿಲ್ಲ.

ನೆಲ ಕೆರೆದ ನಾಲ್ಕನೆಯ ದಿನ
ಅಮ್ಮಚ್ಚಿಯ ಗುದ್ದಲಿ ಟಣ್ ಎಂದಿತು.
ಕಲ್ಲು. ಪಕ್ಕದಲ್ಲಿ ಇನ್ನೊಂದು. ಎದುರಿಗೆ ಮೂರನೆಯದು.
ನಡುವೆ ಗೇಣು ಆಳದ ಬೂದಿ,
ಬೂದಿಯೊಳಗೆ ಹಸಿರು ಬಳೆಯ ಒಂದು ತುಂಡು.

ಅವಳು ಯಾರಿಗೂ ಹೇಳಲಿಲ್ಲ.
ತುಂಡನ್ನು ಮುಂಡಿನ ತುದಿಗೆ ಗಂಟುಹಾಕಿ,
ಬೂದಿ ಬಾಚಿ, ಕಲ್ಲು ಅಲುಗಿಸದೆ,
ಅದರ ಮೇಲೆಯೇ ಗಂಜಿ ಇಟ್ಟಳು.
ಒಲೆ ಹೂಡುವ ಕೆಲಸ ತಪ್ಪಿತಲ್ಲ ಎಂದು ಖುಷಿಯಾಯ್ತಂತೆ.
ಆ ಖುಷಿಯನ್ನು
ಸಾಯುವವರೆಗೂ ಪಾದ್ರಿಗಳ ಕಿವಿಯಲ್ಲಿ ಹೇಳುತ್ತಲೇ ಇದ್ದಳು.

ಹೋಳಿಗೆ ಗುಮಟೆ ಬಾರಿಸುತ್ತ ಕುಡುಬಿಯರು ಬಂದರು,
ಮನೆ ಮನೆಯ ಅಂಗಳದಲ್ಲಿ ಕುಣಿಯುವವರು.
ಇಲ್ಲಿ ಮನೆಯೂ ಇಲ್ಲ, ಅಂಗಳವೂ ಇಲ್ಲ. ಕುಣಿದರು.
ಅವರ ಹಿಂದೆ ಒಬ್ಬ ಮುದುಕಿ, ಕುಣಿತಕ್ಕೆ ಬಂದವಳಲ್ಲ,
ನೀರು ಕೇಳಿ, ಉರಿಯುವ ಒಲೆಯ ಮುಂದೆ ಕುಕ್ಕರಿಸಿ
ಒಂದು ಕಲ್ಲನ್ನು, ಬಿಸಿ ಎಂದೂ ನೋಡದೆ, ಸವರಿ
ಅಂದಳು: "ಕಲ್ಲ್ ನಮ್ದ್."

ಅಮ್ಮಚ್ಚಿಗೆ ಆಗ ಬರುತ್ತಿದ್ದುದು ಮೂರೇ ಮಾತು:
ಹ್ವಾಯ್, ಉಪ್ಪು, ಎಷ್ಟು.
ಆದರೆ ಇದು ಅರ್ಥವಾಯಿತು.
ಅವಳ ಮಲಯಾಳದಲ್ಲಿ 'ನಮ್ಮುಡೆ' ಅಂದರೆ
ನಿನ್ನದೂ ನನ್ನದೂ ಕೂಡಿ ನಮ್ಮದು;
ನಿನ್ನನ್ನು ಹೊರಗಿಟ್ಟರೆ ಬೇರೆಯೇ ಮಾತು, 'ಞಙ್ಙಳುಡೆ',
ಮೂಗಿನಲ್ಲೇ ಅರ್ಧ ಉಳಿಯುವಂಥದು.
ಮುದುಕಿ ಅದನ್ನು ಅನ್ನಲಿಲ್ಲವಲ್ಲ!
ಅಮ್ಮಚ್ಚಿ ನಕ್ಕಳು. ಬೇಯಿಸಿದ ಗೆಣಸನ್ನು
ಎಲೆಯಲ್ಲಿಟ್ಟು ಕೊಟ್ಟಳು, ಮೇಲೆ ಅರೆದ ಗಾಂಧಾರಿ ಮೆಣಸು.
ಮುದುಕಿ ತಿಂದಳೋ, ಒಯ್ದಳೋ, ನೆನಪಿಲ್ಲ.

ಆರು ವರ್ಷದ ಮೇಲೆ, ಜಂಗಲಿನಲ್ಲಿ ಬಾಯಾರಿ ಅತ್ತ ಆ ಮಗು, ನನ್ನಮ್ಮ,
ಜಡ್ಕಲ್ ಶಾಲೆಯಿಂದ ಬಂದು ಗಟ್ಟಿಯಾಗಿ ಓದಿದಳು:
ನಮ್ಮ ಮನೆ. ನಮ್ಮ ದನ. ನಮ್ಮ ಬಾವಿ.
"ಕೇಳುವವರದೂ ಸೇರಿಯೋ?" ಎಂದಳು ಅಮ್ಮಚ್ಚಿ, ಸೌಟು ಹಿಡಿದು.
ಅಮ್ಮ ಬಳಪ ಕಚ್ಚಿ ಯೋಚಿಸಿದಳಂತೆ:
"ಕನ್ನಡದಲ್ಲಿ ಹಾಗಿಲ್ಲ. ಒಂದೇ ನಮ್ಮ."

ಆ ರಾತ್ರಿ ಗಂಜಿ ತಳ ಹಿಡಿಯಿತು.
ಮರುದಿನ ಕುಡುಬಿಯರ ಕೇರಿ ಹುಡುಕಿ ಹೋದಳು,
ಗಂಟಿನಲ್ಲಿ ಬಳೆಯ ತುಂಡು.
ಯಾರೋ ಗಿರ್ಜು ಅಂದರು, ಯಾರೋ ಸುಕ್ರಿ.
ಕುಮರಿ ಸುಡಬಾರದೆಂದು ಫಾರೆಸ್ಟಿನವರು ಅಟ್ಟಿದ ಮೇಲೆ
ಅಲ್ಲಿಷ್ಟು ಇಲ್ಲಿಷ್ಟು ಇದ್ದವಳು; ಹೋಗಿ ಎರಡು ಮಳೆಗಾಲ ಆಯ್ತು.
ನಮ್ಮಜ್ಜಂದಿರೂ ಗೋವೆಯಿಂದ ಓಡಿ ಬಂದವರೇ ಅಂದರು,
ಸಮಾಧಾನಕ್ಕೆಂಬಂತೆ.

ಈಗ ರಬ್ಬರು. ತಾರಸಿ ಮನೆ. ಗ್ಯಾಸು.
ಒಲೆ ಹಿತ್ತಲಲ್ಲಿದೆ. ಯಾರೂ ಹಚ್ಚುವುದಿಲ್ಲ, ಕೀಳುವುದೂ ಇಲ್ಲ.
ಮಳೆಗೆ ಮೇಲೊಂದು ತಗಡು.

ಮೊನ್ನೆ ಉಡುಪಿಯಿಂದ ಸರ್ವೆಯವನು ಬಂದ.
ಮೂರು ಕಾಲಿನ ಮಿಷಿನ್ನು ಊರುತ್ತ ಕೇಳಿದ:
"ಇದು ಗಡಿಕಲ್ಲೋ?"
ಅಲ್ಲ, ಒಲೆ, ಎಂದೆ.
"ಯಾರದು?"
ಬಾಯಲ್ಲಿ ಇದ್ದದ್ದು ಒಂದೇ ಮಾತು.
ಹೇಳಿದೆ.
ಅವನು ತಲೆಯಾಡಿಸಿ, ಮಿಷಿನ್ನನ್ನು
ಎರಡು ಹೆಜ್ಜೆ ಆಚೆ ಸರಿಸಿದ.