ಕಲ್ಲುಪ್ಪು

ಚಟ್ನಿ ಜಾರಿಗೆ ಐಸು ಸುರಿದು
ಮುಚ್ಚಳ ಅದುಮಿ ಹಿಡಿದರು.
ಭಾಂಡುಪಿನ ಮೂರನೇ ಮಾಳಿಗೆ ಗಡಗಡ ನಡುಗಿತು,
ಪಕ್ಕದ ಪಾಟಣಕರ್ ಬಾಯಿ ಗೋಡೆ ಬಡಿದಳು.

ಬಾರು ಮುಚ್ಚಿದ ದಿನ ಧಣಿಗಳು ಕೊಟ್ಟ ಅರ್ಧ ಬಾಟಲಿ ಟಕೀಲಾ,
ನಾಲ್ಕು ನಿಂಬೆ, ಸಕ್ಕರೆ.
ಕಿತ್ತಳೆಯದೊಂದು ಬೇಕಂತೆ, ಇಲ್ಲ;
ಮೋಸಂಬಿ ಸಿಪ್ಪೆ ತುರಿದರು.
ಎಷ್ಟು ತೊಳೆದರೂ ಜಾರಿನ ಬೆಳ್ಳುಳ್ಳಿ ಹೋಗಿರಲಿಲ್ಲ.

ಸ್ಟೀಲು ಲೋಟದ ಬಾಯಿಗೆ ನಿಂಬೆ ಸವರಿ
ಉಪ್ಪಿನಕಾಯಿಗೆಂದು ತಂದ ಕಲ್ಲುಪ್ಪು ಹತ್ತಿಸುವಾಗ
ಆ ಬೆರಳುಗಳು ಯಾರವೋ ಅನಿಸಿದವು.
ಇಪ್ಪತ್ತೆಂಟು ವರ್ಷ
ನಾನು ಮಲಗಿದ ಮೇಲೆ ಬರುತ್ತಿದ್ದವರ ಕೆಲಸ
ಕಂಡದ್ದು ಇವತ್ತೇ.

ಮೊದಲ ಗುಟುಕಿಗೆ ಹಣೆ ಚುಳ್ಳೆಂದಿತು.
"ಹೇಗುಂಟು?"
"ಹುಳಿ. ಕೂತ್ಕೊಳ್ಳಿ, ನೀವೂ ಕುಡೀರಿ."

ಕೂರಲಿಲ್ಲ.
ಹೆಗಲಿಗೆ ಬಟ್ಟೆ ಹಾಕಿ
ಫ್ರಿಜ್ಜಿಗೂ ಒರಗದೆ ನಿಂತರು,
ಕಣ್ಣು ನನ್ನ ಲೋಟದ ಮೇಲೆ.

ನಾನೂ ಅವಸರ ಮಾಡಲಿಲ್ಲ.